ಇನ್ಶೂರೆನ್ಸ್ ಕ್ಲೇಮಿಗೂ ಸಂವಿಧಾನಕ್ಕೂ ಎಂತ ಸಂಬಂಧ?

ಭಟ್ಕಳದ ಪಕ್ಕ ನಮ್ಮ ಜಾಲಿಯಲ್ಲಿ ಅಕ್ಕಪಕ್ಕದ ಎರಡು ಮನೆ ಇದೆ ಅಂದುಕೊಳ್ಳಿ. ಎರಡೂ ಮನೆಯಲ್ಲಿ ಆರೋಗ್ಯ ವಿಮೆ ಇದೆ. ಒಂದು ಮನೆಯವರದ್ದು ಸರ್ಕಾರಿ ವಿಮಾ ಕಂಪನಿಯ ಪಾಲಿಸಿ, ಇನ್ನೊಂದು ಮನೆಯವರದ್ದು ಖಾಸಗಿ ಕಂಪನಿಯದ್ದು. ಇಬ್ಬರಿಗೂ ಒಂದೇ ಕಾಯಿಲೆ, ಒಂದೇ ಆಸ್ಪತ್ರೆ, ಒಂದೇ ಆಪರೇಷನ್ನು. ಇಬ್ಬರ ಕ್ಲೇಮೂ ಒಂದೇ ಕಾರಣ ಕೊಟ್ಟು ತಿರಸ್ಕಾರ ಆಯ್ತು: ಪಾಲಿಸಿ ಮಾಡಿಸುವ ಮೊದಲೇ ಕಾಯಿಲೆ ಇತ್ತು, ನೀವು ಹೇಳಲಿಲ್ಲ.

ಈಗ ಮೊದಲ ಮನೆಯವರು ಅರಬೈಲ್ ಘಟ್ಟ ಹತ್ತಿ ಧಾರವಾಡದ ಹೈಕೋರ್ಟ್ ಪೀಠಕ್ಕೆ ಹೋಗಿ, ಸಂವಿಧಾನದ 226ನೇ ವಿಧಿಯಡಿ ರಿಟ್ ಅರ್ಜಿ ಹಾಕಬಹುದು. ಗೆಲ್ಲುತ್ತಾರೋ ಇಲ್ಲವೋ ಬೇರೆ ಮಾತು, ಕನಿಷ್ಠ ಅರ್ಜಿಯನ್ನು ಕೈಗೆತ್ತಿಕೊಳ್ಳಬಹುದಾ ಅನ್ನೋ ಚರ್ಚೆಯಾದರೂ ನಡೆಯುತ್ತದೆ. ಎರಡನೇ ಮನೆಯವರು ಅದೇ ಘಟ್ಟ ಹತ್ತಿ, ಅದೇ ಪೀಠಕ್ಕೆ ಹೋದರೆ, ಬಹುಮಟ್ಟಿಗೆ ಒಂದೇ ಸಾಲಿನ ಉತ್ತರ: ಎದುರಾಳಿ ಖಾಸಗಿ ಕಂಪನಿ, ಇದು ಖಾಸಗಿ ಒಪ್ಪಂದ, ರಿಟ್ ನಡೆಯಲ್ಲ.

ಕಾಯಿಲೆ ಒಂದೇ, ಷರತ್ತು ಒಂದೇ, ಅನ್ಯಾಯ (ಅದು ಅನ್ಯಾಯವೇ ಆಗಿದ್ದರೆ) ಒಂದೇ. ಕಂಪನಿಯ ಷೇರು ಯಾರ ಕೈಯಲ್ಲಿದೆ ಅನ್ನೋದರ ಮೇಲೆ ಹೈಕೋರ್ಟಿನ ಬಾಗಿಲು ತೆರೆಯುತ್ತೆ ಅಥವಾ ಮುಚ್ಚುತ್ತೆ. ಇದು ಸರೀನಾ? ಸರಿಯಲ್ಲ ಅಂದರೆ, ಎಲ್ಲರಿಗೂ ತೆರೆಯಬೇಕಾ, ಎಲ್ಲರಿಗೂ ಮುಚ್ಚಬೇಕಾ? ನನ್ನ ಸ್ನೇಹಿತರ ಬಳಗದಲ್ಲಿ ಹೆಚ್ಚಿನವರ ಉತ್ತರ, ಎಲ್ಲರಿಗೂ ತೆರೆಯಬೇಕು ಅಂತ. ನಾನು ಅದನ್ನು ಪೂರ್ತಿ ಒಪ್ಪಲ್ಲ. ಯಾಕೆ ಅಂತ ಹೇಳೋಕೇ ಈ ಬರಹ.

ಮೊದಲು ಈ ವ್ಯತ್ಯಾಸ ಎಲ್ಲಿಂದ ಬಂತು ನೋಡೋಣ. 1956ರಲ್ಲಿ ಜೀವ ವಿಮೆ ರಾಷ್ಟ್ರೀಕರಣ ಆಯ್ತು, ಎಲ್‌ಐಸಿ ಹುಟ್ಟಿತು. 1970ರ ದಶಕದ ಆರಂಭದಲ್ಲಿ ಸಾಮಾನ್ಯ ವಿಮೆಯೂ ಸರ್ಕಾರದ ಕೈಗೆ ಬಂತು. ಅಂದರೆ ಸುಮಾರು ಮೂರು ದಶಕ ಈ ದೇಶದಲ್ಲಿ ವಿಮೆ ಅಂದರೆ ಸರ್ಕಾರ. 1975ರಲ್ಲಿ ಸುಖದೇವ್ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಎಲ್‌ಐಸಿಯಂಥ ಸಂಸ್ಥೆಗಳೂ ಸಂವಿಧಾನದ 12ನೇ ವಿಧಿಯ ಅರ್ಥದಲ್ಲಿ 'ಪ್ರಭುತ್ವ'ವೇ ಅಂತ ಹೇಳಿತು. ಪ್ರಭುತ್ವ ಅಂದಮೇಲೆ 14ನೇ ವಿಧಿ ಅನ್ವಯಿಸುತ್ತದೆ. ಮನಸ್ಸಿಗೆ ಬಂದ ಹಾಗೆ ನಡೆದುಕೊಳ್ಳುವ ಹಾಗಿಲ್ಲ.

ಈ ತತ್ವದಿಂದ ಒಳ್ಳೆಯ ತೀರ್ಪುಗಳೂ ಬಂದವು. 1995ರಲ್ಲಿ ಒಂದು ಗ್ರಾಹಕ ಸಂಸ್ಥೆ ಎಲ್‌ಐಸಿ ವಿರುದ್ಧ ಹೂಡಿದ ಪ್ರಕರಣ ತೀರ್ಮಾನ ಆಯ್ತು. ಎಲ್‌ಐಸಿಯ 'ಟೇಬಲ್ 58' ಅನ್ನೋ ಅಗ್ಗದ ಟರ್ಮ್ ಪಾಲಿಸಿ ಸರ್ಕಾರಿ, ಅರೆಸರ್ಕಾರಿ ನೌಕರರಿಗೆ ಮತ್ತು ಹೆಸರಾಂತ ಕಂಪನಿಗಳ ಸಂಬಳದಾರರಿಗೆ ಮಾತ್ರ ಸಿಗುತ್ತಿತ್ತು. ತಿಂಗಳ ಸಂಬಳ ಇಲ್ಲದವರಿಗೆ ಇಲ್ಲ. ನಮ್ಮೂರಿನಲ್ಲಿ ದೋಣಿ ಇಳಿಸುವವರು, ತೆಂಗಿನ ತೋಟ ಮಾಡಿಕೊಂಡವರು, ಅಂಗಡಿ ಇಟ್ಟವರು, ಇವರು ಯಾರಿಗೂ ಇಲ್ಲ. ಸುಪ್ರೀಂ ಕೋರ್ಟು ಆ ನಿರ್ಬಂಧ ಸಂವಿಧಾನಕ್ಕೆ ವಿರುದ್ಧ ಅಂತ ತೆಗೆದುಹಾಕಿತು. 2001ರಲ್ಲಿ ಬಿಮನ್ ಕೃಷ್ಣ ಬೋಸ್ ಅನ್ನುವವರ ಪ್ರಕರಣ. ಅವರು ಹಿಂದೆ ಒಂದು ಕ್ಲೇಮಿನ ವಿಷಯಕ್ಕೆ ಕಂಪನಿಯ ಮೇಲೆ ಕೇಸು ಹಾಕಿದ್ದರು ಅನ್ನೋ ಕಾರಣಕ್ಕೆ ಯುನೈಟೆಡ್ ಇಂಡಿಯಾ ಕಂಪನಿ ಮೆಡಿಕ್ಲೇಮ್ ನವೀಕರಿಸಲಿಲ್ಲ. ಸರ್ಕಾರಿ ಕಂಪನಿ ಹೀಗೆ ಹಗೆ ಸಾಧಿಸುವಂತಿಲ್ಲ ಅಂತ ಕೋರ್ಟು ಹೇಳಿತು. 2003ರ ಡಿಸೆಂಬರಿನಲ್ಲಿ ಎಬಿಎಲ್ ಇಂಟರ್‌ನ್ಯಾಷನಲ್ ಪ್ರಕರಣ ಬಂತು. ಕಜಕಿಸ್ತಾನಕ್ಕೆ ಚಹಾ ರಫ್ತು ಮಾಡಿ ದುಡ್ಡು ಬಾರದೆ ಕೂತ ರಫ್ತುದಾರರಿಗೆ, ಸರ್ಕಾರಿ ರಫ್ತು ವಿಮಾ ಸಂಸ್ಥೆ ಕ್ಲೇಮು ಕೊಡಬೇಕು ಅಂತ ರಿಟ್ ಅರ್ಜಿಯಲ್ಲೇ ಆದೇಶ ಸಿಕ್ಕಿತು. ಒಪ್ಪಂದದ ವಿಷಯ ಅನ್ನೋ ಒಂದೇ ಕಾರಣಕ್ಕೆ ರಿಟ್ ತಳ್ಳಬೇಕಿಲ್ಲ ಅನ್ನೋದು ಅಲ್ಲಿಂದ ಗಟ್ಟಿಯಾಯ್ತು.

ಆದರೆ ಇಷ್ಟು ಹೊತ್ತಿಗೆ ನೆಲ ಬದಲಾಗಿತ್ತು. 1999ರ ಐಆರ್‌ಡಿಎ ಕಾಯ್ದೆ ಬಂದು, 2000ದಿಂದ ವಿಮಾ ಕ್ಷೇತ್ರ ಖಾಸಗಿಯವರಿಗೆ ತೆರೆದುಕೊಂಡಿತು. ಗ್ರಾಹಕರು ಆ ಕಡೆ ಹೊರಟರು. ನಿಮ್ಮ ಆಫೀಸಿನ ಗ್ರೂಪ್ ಪಾಲಿಸಿ, ನಿಮ್ಮ ಆ್ಯಪಿನಲ್ಲಿ ಎರಡು ನಿಮಿಷದಲ್ಲಿ ಕೊಂಡ ಟರ್ಮ್ ಪ್ಲಾನು, ಕಾರಿನ ಪಾಲಿಸಿ, ಇವುಗಳಲ್ಲಿ ಎಷ್ಟು ಸರ್ಕಾರಿ ಕಂಪನಿಯದ್ದು ಅಂತ ಒಮ್ಮೆ ನೋಡಿಕೊಳ್ಳಿ. ಜನ ಆ ಕಡೆ ಹೋದರೂ ಕಾನೂನು ಹೋಗಲಿಲ್ಲ. 2003ರಲ್ಲಿ ಫೆಡರಲ್ ಬ್ಯಾಂಕ್ ಪ್ರಕರಣದಲ್ಲಿ, ರಿಸರ್ವ್ ಬ್ಯಾಂಕಿನ ನಿಯಂತ್ರಣದಲ್ಲಿದೆ ಅನ್ನೋ ಮಾತ್ರಕ್ಕೆ ಖಾಸಗಿ ಬ್ಯಾಂಕಿನ ಮೇಲೆ ರಿಟ್ ಬರಲ್ಲ ಅಂತಾಯ್ತು. 2005ರ ಬಿನ್ನಿ ಪ್ರಕರಣದಲ್ಲಿ, ಖಾಸಗಿ ಸಂಸ್ಥೆ ಸಾರ್ವಜನಿಕ ಕರ್ತವ್ಯ ಮಾಡುತ್ತಿದ್ದು ಆ ಕರ್ತವ್ಯದ ವಿಷಯಕ್ಕೇ ತಕರಾರು ಇದ್ದರೆ ಮಾತ್ರ ರಿಟ್ ಅಂತ ಸ್ಪಷ್ಟವಾಯ್ತು. 2025ರ ಜನವರಿಯಲ್ಲಿ ಮುತ್ತೂಟ್ ಫೈನಾನ್ಸ್ ಪ್ರಕರಣದಲ್ಲೂ ಸುಪ್ರೀಂ ಕೋರ್ಟು ಅದೇ ಗೆರೆ ಮತ್ತೆ ಎಳೆಯಿತು. ನಿಯಂತ್ರಕರ ಕೈಕೆಳಗೆ ಇರುವ ಖಾಸಗಿ ಹಣಕಾಸು ಕಂಪನಿ, ಅದರಿಂದಲೇ ಪ್ರಭುತ್ವ ಆಗುವುದಿಲ್ಲ.

ಇದನ್ನೆಲ್ಲ ಓದಿದಾಗ ಯಾರಿಗಾದರೂ ಅನ್ನಿಸೋದು ಸಹಜ: ಕಾಲ ಬದಲಾಗಿದೆ, ಕೋರ್ಟುಗಳೂ ಬದಲಾಗಲಿ. ಆರೋಗ್ಯ ಜೀವಿಸುವ ಹಕ್ಕಿನ ಭಾಗ, ಆರೋಗ್ಯ ವಿಮೆ ಆರೋಗ್ಯಕ್ಕೆ ದಾರಿ, ಹಾಗಾಗಿ ವಿಮಾ ಕಂಪನಿ ಖಾಸಗಿಯಾದರೂ ಹೈಕೋರ್ಟು ಕೇಳಲಿ. ಸುಳ್ಳು ವಾದವಲ್ಲ ಇದು. ನಮ್ಮ ಶಾಸನವೇ ಒಂದು ಕಡೆ ಇದಕ್ಕೆ ಬಲ ಕೊಡುತ್ತದೆ. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆ, ಖಾಯಂ ಲೋಕ ಅದಾಲತ್ತಿನ ಮಟ್ಟಿಗೆ, ವಿಮೆಯನ್ನು 'ಸಾರ್ವಜನಿಕ ಉಪಯುಕ್ತ ಸೇವೆ' ಅಂತಲೇ ಕರೆಯುತ್ತದೆ, ನೀರು, ಕರೆಂಟು, ಬಸ್ಸಿನ ಸಾಲಿನಲ್ಲಿ. ಅಲ್ಲಿ ಸಾರ್ವಜನಿಕ, ಇಲ್ಲಿ ಖಾಸಗಿ ಅಂದರೆ ಹೇಗೆ ಅಂತ ಕೇಳಬಹುದು.

ನನ್ನ ತಕರಾರು ಇರೋದು ಬೇರೆ ಕಡೆ. ಕ್ಲೇಮಿನ ಜಗಳ ನಿಜವಾಗಿ ಯಾವುದರ ಮೇಲೆ ನಡೆಯುತ್ತೆ ಅನ್ನೋದನ್ನು ಈ ವಾದ ನೋಡಲ್ಲ.

ನಮ್ಮ ಮನೆಯದ್ದೇ ಹೇಳುತ್ತೇನೆ. ಅಪ್ಪನ ಹೆಸರಲ್ಲಿ ನಾನೊಂದು ಆರೋಗ್ಯ ವಿಮೆ ಮಾಡಿಸಿದ್ದೆ. ಎರಡು ವರ್ಷ ಕಳೆದಿತ್ತು. ಜೂನ್ ತಿಂಗಳ ಮಳೆಯಲ್ಲಿ ಎದೆನೋವು ಬಂದು, ಮಂಗಳೂರಿಗೆ ಕರೆದುಕೊಂಡು ಹೋಗಿ ಸ್ಟೆಂಟ್ ಹಾಕಿಸಿದ್ದಾಯ್ತು. ಖರ್ಚು ₹2.4 ಲಕ್ಷ. ಕ್ಲೇಮು ತಿರಸ್ಕಾರ. ಕಾರಣ, ಡಿಸ್ಚಾರ್ಜ್ ಸಮ್ಮರಿಯಲ್ಲಿ 'ಬಿಪಿ: 10 ವರ್ಷದಿಂದ' ಅಂತ ಇದೆ, ಪ್ರಪೋಸಲ್ ಫಾರ್ಮಿನಲ್ಲಿ ಬಿಪಿ ಇಲ್ಲ ಅಂತ ಇದೆ. ಅಪ್ಪನಿಗೆ ಓದಿ ಹೇಳಿದೆ. "ಹತ್ತು ವರ್ಷ ಅಂದದ್ದು ಯಾರು ಮಾರಾಯಾ? ನಾನು ಗುಳಿಗೆ ನುಂಗೂಕೆ ಶುರು ಮಾಡಿದ್ದೇ ಹೋದ ಚೌತಿ ಆದಮೇಲೆ" ಅಂದರು. ಚೌತಿಯಿಂದ ಜೂನಿಗೆ ಲೆಕ್ಕ ಹಾಕಿದರೆ ಹತ್ತು ತಿಂಗಳು. ಅಡ್ಮಿಟ್ ಮಾಡುವಾಗ ರಾತ್ರಿ ಡ್ಯೂಟಿಯ ಡಾಕ್ಟರು 'ಎಷ್ಟಾಯ್ತು' ಅಂತ ಕೇಳಿರಬೇಕು, ಯಾರೋ 'ಹತ್ತು' ಅಂದಿರಬೇಕು. ತಿಂಗಳು ಹೋಗಿ ವರ್ಷ ಕೂತಿತ್ತು.

ಹೀಗೆ ಆಗಿರಬೇಕು ಅನ್ನೋದು ನಮ್ಮ ಮಾತು. ಕಂಪನಿಯ ಕೈಯಲ್ಲಿ ಆಸ್ಪತ್ರೆಯ ಸೀಲು ಬಿದ್ದ ಕಾಗದ ಇದೆ. ನಮ್ಮ ಕೈಯಲ್ಲಿ ಅಪ್ಪನ ನೆನಪು, ಊರಿನ ಡಾಕ್ಟರರ ಚೀಟಿ. ಯಾವುದು ನಿಜ? ಇದನ್ನು ಹೈಕೋರ್ಟಿನ ನ್ಯಾಯಮೂರ್ತಿಗಳ ಮುಂದೆ ಇಟ್ಟರೆ ಅವರೇನು ಮಾಡಬೇಕು? ರಿಟ್ ಅರ್ಜಿಯಲ್ಲಿ ಸಾಮಾನ್ಯವಾಗಿ ಸಾಕ್ಷಿ ಕರೆಸಲ್ಲ, ಪಾಟಿಸವಾಲು ಇರಲ್ಲ. ಎರಡೂ ಕಡೆಯವರು ಪ್ರಮಾಣಪತ್ರ ಹಾಕುತ್ತಾರೆ, ವಕೀಲರು ವಾದ ಮಾಡುತ್ತಾರೆ. ಬಿಪಿ ಯಾವಾಗ ಶುರುವಾಯ್ತು ಅನ್ನೋದು ಪ್ರಮಾಣಪತ್ರದಿಂದ ತೀರ್ಮಾನ ಆಗೋ ವಿಷಯ ಅಲ್ಲ.

ನಾವು ವಿಮಾ ಒಂಬುಡ್ಸ್‌ಮನ್ ಹತ್ತಿರ ಹೋದೆವು. ಶುಲ್ಕ ಇಲ್ಲ, ವಕೀಲರು ಬೇಡ, ವಿಚಾರಣೆ ವಿಡಿಯೊ ಕಾಲ್‌ನಲ್ಲಿ. ಅವರು ಕೇಳಿದ್ದು ಎರಡೇ: ಮೊದಲ ಸಲ ಬಿಪಿ ಗುಳಿಗೆ ಬರೆದುಕೊಟ್ಟ ಚೀಟಿ, ಆಮೇಲೆ ಆಸ್ಪತ್ರೆಯ ದಾಖಲೆಯಲ್ಲಿ ಆ 'ಹತ್ತು ವರ್ಷ'ಕ್ಕೆ ಬೇರೆ ಆಧಾರ ಏನಾದರೂ ಇದೆಯಾ ಅಂತ ಕಂಪನಿಯಿಂದ ಉತ್ತರ. ಚೀಟಿ ನಮ್ಮ ಹತ್ತಿರ ಇತ್ತು, ಆಧಾರ ಅವರ ಹತ್ತಿರ ಇರಲಿಲ್ಲ. ಮೂರೂವರೆ ತಿಂಗಳಲ್ಲಿ ಆದೇಶ ಬಂತು, ದುಡ್ಡೂ ಬಂತು. ನಾವು ಗೆದ್ದೆವು ಅಂತ ಇದನ್ನು ಹೇಳುತ್ತಿಲ್ಲ. ಸೋಲಬೇಕಾದವರು ಸೋಲೋದಕ್ಕೂ ಇಂಥ ಜಾಗವೇ ಬೇಕು. ಕಾಯಿಲೆ ಮುಚ್ಚಿಟ್ಟು ಪಾಲಿಸಿ ಮಾಡಿಸುವವರೂ ಇದ್ದಾರೆ, ಅವರಿಗೆ ಹೋಗುವ ದುಡ್ಡು ಉಳಿದವರ ಪ್ರೀಮಿಯಮ್ಮಿನಿಂದಲೇ ಹೋಗೋದು.

ಸುಪ್ರೀಂ ಕೋರ್ಟಿಗೆ ಇದು ಗೊತ್ತಿಲ್ಲದೇ ಇಲ್ಲ. ಆಶಾ ಗೋಯಲ್ ಪ್ರಕರಣದಲ್ಲಿ ಪತಿ ತೀರಿಕೊಂಡಿದ್ದು 1980ರಲ್ಲಿ. ಎಲ್‌ಐಸಿ ಕ್ಲೇಮು ನಿರಾಕರಿಸಿತು, ಹೆಂಡತಿ ರಿಟ್ ದಾರಿ ಹಿಡಿದರು. ಎಲ್‌ಐಸಿ ವಿರುದ್ಧ ರಿಟ್ ಬರುವುದೇ ಇಲ್ಲ ಅಂತ ಹೇಳಲಾಗದು, ಆದರೆ ಸತ್ಯಾಂಶದ ಬಗ್ಗೆಯೇ ತಕರಾರು ಇರುವ ಕ್ಲೇಮುಗಳನ್ನು ಹೈಕೋರ್ಟುಗಳು ಸಾಮಾನ್ಯವಾಗಿ ಕೈಗೆತ್ತಿಕೊಳ್ಳಬಾರದು ಅಂತ ಸುಪ್ರೀಂ ಕೋರ್ಟು ಹೇಳುವಷ್ಟರಲ್ಲಿ 2000ನೇ ಇಸವಿಯ ಡಿಸೆಂಬರ್ ಬಂದಿತ್ತು. ಇಪ್ಪತ್ತು ವರ್ಷ ಕಳೆದರೂ ಚರ್ಚೆ ಆಗುತ್ತಿದ್ದದ್ದು ಯಾವ ಬಾಗಿಲು ಅಂತ. ಎಬಿಎಲ್ ಪ್ರಕರಣ ರಿಟ್‌ನಲ್ಲಿ ಗೆದ್ದಿದ್ದಕ್ಕೆ ಕಾರಣ ಅಲ್ಲಿನ ಜಗಳ ಬಹುಪಾಲು ಕಾಗದದಲ್ಲೇ ಇತ್ತು, ಒಪ್ಪಂದದ ಮಾತಿಗೆ ಅರ್ಥ ಹೇಳಿದರೆ ಸಾಕಿತ್ತು. ನಮ್ಮ ನಿಮ್ಮ ಕ್ಲೇಮುಗಳು ಅಷ್ಟು ಸಲೀಸಾಗಿ ಕಾಗದದಲ್ಲಿ ಕೂರಲ್ಲ.

ನಮ್ಮ ಉದ್ಯೋಗದ ಭಾಷೆಯಲ್ಲಿ ಹೇಳೋದಾದರೆ, ಪ್ರತಿ ಟಿಕೆಟ್ಟನ್ನೂ ಆರ್ಕಿಟೆಕ್ಟ್ ಹೆಸರಿಗೇ ಹಾಕಿದರೆ ಸಪೋರ್ಟ್ ಸುಧಾರಿಸಲ್ಲ. ಆರ್ಕಿಟೆಕ್ಟ್ ಕೂತು ಲಾಗ್ ಓದುತ್ತಾ ಇರಬೇಕಾಗುತ್ತೆ, ಡಿಸೈನ್ ನೋಡೋರು ಯಾರೂ ಇರಲ್ಲ.

ದೂರದ ಲೆಕ್ಕವನ್ನೂ ಹಾಕಿ. ಜಾಲಿಯಿಂದ ಧಾರವಾಡ ಇನ್ನೂರು ಕಿಲೋಮೀಟರಿಗಿಂತ ಜಾಸ್ತಿ. ಪೀಠ ಬಂದಿದ್ದೇ ನಮ್ಮ ಜಿಲ್ಲೆಗೆ ದೊಡ್ಡ ಉಪಕಾರ. 2008ರ ಜುಲೈನಲ್ಲಿ ಸಂಚಾರಿ ಪೀಠ ಶುರುವಾಗಿ 2013ರಲ್ಲಿ ಖಾಯಂ ಆಗುವ ಮೊದಲು ಬೆಂಗಳೂರಿಗೇ ಹೋಗಬೇಕಿತ್ತು. ಆದರೂ ಹೈಕೋರ್ಟು ಅಂದರೆ ವಕೀಲರ ಫೀಸು, ಓಡಾಟ, ಕಾಯುವುದು. ಗ್ರಾಹಕರ ಆಯೋಗ ಕಾರವಾರದಲ್ಲಿದೆ, ಹೆದ್ದಾರಿಯಲ್ಲಿ ಸುಮಾರು ನೂರಿಪ್ಪತ್ತು ಕಿಲೋಮೀಟರ್. 2019ರ ಗ್ರಾಹಕ ಸಂರಕ್ಷಣಾ ಕಾಯ್ದೆ ಬಂದಮೇಲೆ ಕಂಪನಿಯ ಆಫೀಸು ಎಲ್ಲಿದ್ದರೂ ನೀವು ವಾಸ ಇರುವ ಜಿಲ್ಲೆಯಲ್ಲೇ ದೂರು ಕೊಡಬಹುದು. ಆನ್‌ಲೈನಿನಲ್ಲೂ ಆಗುತ್ತದೆ, ನಿಮ್ಮ ಕೇಸು ನೀವೇ ವಾದಿಸಬಹುದು. ಹೈಕೋರ್ಟಿನ ಬಾಗಿಲು ಎಲ್ಲರಿಗೂ ತೆರೆದರೆ ಮೊದಲು ಒಳಗೆ ಹೋಗೋದು ಯಾರು? ಹತ್ತು ಕೋಟಿಯ ಬೆಂಕಿ ವಿಮೆ ಇಟ್ಟುಕೊಂಡ ಫ್ಯಾಕ್ಟರಿ. ಜಾಲಿಯ ಎರಡು ಲಕ್ಷದ ಕ್ಲೇಮು ಅದರ ಹಿಂದೆ ಸಾಲಿನಲ್ಲಿ ನಿಲ್ಲಬೇಕು.

ಹಾಗಂತ ಈಗಿರುವ ವ್ಯವಸ್ಥೆ ಸರಿ ಇದೆ ಅಂತ ನಾನು ಹೇಳಲ್ಲ. ಅದರಲ್ಲಿ ಒಂದು ದೊಡ್ಡ ವಕ್ರತೆ ಇದೆ, ಇದರ ಬಗ್ಗೆ ಮಾತಾಡುವವರು ಕಡಿಮೆ. ಒಂಬುಡ್ಸ್‌ಮನ್ ಆದೇಶ ಕಂಪನಿಗೆ ಬದ್ಧ, 30 ದಿನದೊಳಗೆ ಪಾಲಿಸಬೇಕು, ಅದರ ಮೇಲೆ ಕಂಪನಿಗೆ ಅಪೀಲು ಇಲ್ಲ. ಅಪೀಲು ಇಲ್ಲದಿದ್ದಾಗ ಕಂಪನಿಗಳು ಏನು ಮಾಡುತ್ತವೆ? ಹೈಕೋರ್ಟಿಗೆ ರಿಟ್ ಅರ್ಜಿ ಹಾಕುತ್ತವೆ! ಖಾಯಂ ಲೋಕ ಅದಾಲತ್ತಿನ ಆದೇಶದ ಮೇಲೂ ಅದೇ ದಾರಿ. ಗ್ರಾಹಕ ಬಂದು 'ನನ್ನ ಒಪ್ಪಂದ ಜಾರಿ ಮಾಡಿಸಿ' ಅಂದರೆ ಇದು ಖಾಸಗಿ ವಿಷಯ. ಕಂಪನಿ ಬಂದು 'ಆ ಒಪ್ಪಂದದ ಪ್ರಕಾರ ದುಡ್ಡು ಕೊಡು ಅಂದ ಆದೇಶ ರದ್ದು ಮಾಡಿ' ಅಂದರೆ ಸಂವಿಧಾನದ ವಿಷಯ. ತಾಂತ್ರಿಕವಾಗಿ ಇದಕ್ಕೆ ಉತ್ತರ ಇದೆ: ಒಂಬುಡ್ಸ್‌ಮನ್ ನಿಯಮದ ಪ್ರಕಾರ ನೇಮಕವಾದ ಅಧಿಕಾರಿ, ಅವರ ಆದೇಶವನ್ನು ಪರಿಶೀಲಿಸುವುದು ಬೇರೆ ಸಂಗತಿ. ಉತ್ತರ ಸರಿಯೇ ಇರಬಹುದು. ಆದರೆ ಗುಳಿಗೆ ಚೀಟಿ ಹಿಡಿದುಕೊಂಡು ಮೂರು ತಿಂಗಳು ಕಾದು ಗೆದ್ದ ಮನುಷ್ಯನಿಗೆ ಹೈಕೋರ್ಟಿನಿಂದ ನೋಟಿಸು ಬಂದಾಗ ಈ ಉತ್ತರದಿಂದ ಸಮಾಧಾನ ಆಗಲ್ಲ. ಹೈಕೋರ್ಟುಗಳು ಗ್ರಾಹಕರಿಗೆ ಹೇಳುವ ಅದೇ ಮಾತನ್ನು, ಅಂದರೆ ಸತ್ಯಾಂಶದ ಜಗಳ ಇಲ್ಲಿಗೆ ತರಬೇಡಿ ಅನ್ನೋದನ್ನು, ಕಂಪನಿಗಳಿಗೂ ಅಷ್ಟೇ ಬಿಗಿಯಾಗಿ ಹೇಳಬೇಕು. ತಡೆಯಾಜ್ಞೆ ಕೊಡುವ ಮೊದಲು ಪೂರ್ತಿ ದುಡ್ಡನ್ನು ಠೇವಣಿ ಇಡಿಸಬೇಕು. 2024ರಲ್ಲಿ ಐಆರ್‌ಡಿಎಐ, ಒಂಬುಡ್ಸ್‌ಮನ್ ಆದೇಶ ಪಾಲಿಸದ ಕಂಪನಿ ದಿನಕ್ಕೆ ₹5,000ದಂತೆ ಗ್ರಾಹಕನಿಗೆ ಕೊಡಬೇಕು ಅಂತ ನಿಯಮ ಮಾಡಿದೆ. ರಿಟ್ ಹಾಕಿದ ಮಾತ್ರಕ್ಕೆ ಆ ಮೀಟರ್ ನಿಲ್ಲುವ ಹಾಗೆ ಆದರೆ, ನಿಯಮದಿಂದ ಏನು ಪ್ರಯೋಜನ?

ಇನ್ನೊಂದು ಗುಂಪಿನ ಒಪ್ಪಂದಗಳಿವೆ. ಹೆಸರಿಗೆ ಖಾಸಗಿ, ಒಳಗೆ ಪೂರ್ತಿ ಸರ್ಕಾರ. ಇಲ್ಲಿ ಮಾತ್ರ ನಾನು ಸ್ನೇಹಿತರ ಪಕ್ಷ.

ನಮ್ಮ ಉತ್ತರ ಕನ್ನಡದಲ್ಲಿ ಅಡಿಕೆ, ಕಾಳುಮೆಣಸಿಗೆ ಹವಾಮಾನ ಆಧಾರಿತ ಬೆಳೆ ವಿಮೆ ಇದೆ. ಅಡಿಕೆಗೆ ಹೆಕ್ಟೇರಿಗೆ ವಿಮಾ ಮೊತ್ತ ₹1,28,000, ಅದರ ಶೇ 5, ಅಂದರೆ ₹6,400 ರೈತನ ಪಾಲು. ಪ್ರೀಮಿಯಮ್ಮಿನ ಉಳಿದ ಭಾಗ ಕೇಂದ್ರ ಮತ್ತು ರಾಜ್ಯ ಸರ್ಕಾರದ್ದು. ಯಾವ ಕಂಪನಿ ಅಂತ ಆರಿಸುವುದು ರೈತ ಅಲ್ಲ, ಟೆಂಡರ್ ಕರೆದು ಸರ್ಕಾರ ಆರಿಸುತ್ತದೆ. ಷರತ್ತು ಸರ್ಕಾರದ ಮಾರ್ಗಸೂಚಿಯದ್ದು. ನೋಂದಣಿ ಸರ್ಕಾರದ 'ಸಂರಕ್ಷಣೆ' ಪೋರ್ಟಲಿನಲ್ಲಿ. ಪರಿಹಾರ ಬರುತ್ತೋ ಇಲ್ಲವೋ ತೀರ್ಮಾನ ಆಗೋದು ಗ್ರಾಮ ಪಂಚಾಯಿತಿ ಮಟ್ಟದ ಮಳೆಮಾಪಕದ ಅಂಕಿಯಿಂದ. ತೋಟದಲ್ಲಿ ಕೊಳೆ ಬಂದು ಅಡಿಕೆ ಉದುರಿದ್ದು ಕಣ್ಣಿಗೆ ಕಂಡರೂ, ಮಾಪಕ ಹೇಳಿದ ಮಳೆಯೇ ಮಳೆ. ಮಾಪಕ ಕೆಟ್ಟಿದ್ದರೆ? ನಮ್ಮ ಕಡೆ ಬೆಳೆಗಾರರ ಬಾಯಲ್ಲಿ ಈ ಪ್ರಶ್ನೆ ಹಳೆಯದಾಗಿದೆ.

ಇದನ್ನು ಖಾಸಗಿ ಒಪ್ಪಂದ ಅಂತ ಯಾವ ಬಾಯಿಂದ ಕರೆಯೋದು? ರೈತ ಸಹಿ ಹಾಕಿದ್ದು ಕಂಪನಿಯ ಪಾಲಿಸಿಗೆ ಅನ್ನೋದಕ್ಕಿಂತ ಸರ್ಕಾರದ ಯೋಜನೆಗೆ ಅನ್ನೋದು ಸರಿ. ಮೀನುಗಾರರ ಗುಂಪು ಅಪಘಾತ ವಿಮೆಯೂ ಹಾಗೇ. ಮತ್ಸ್ಯಸಂಪದ ಯೋಜನೆಯಲ್ಲಿ ಸಾವಿಗೆ ₹5 ಲಕ್ಷ, ಪ್ರೀಮಿಯಂ ಪೂರ್ತಿ ಸರ್ಕಾರದ್ದು. ತೆಂಗಿನಗುಂಡಿ ಬಂದರಿನಿಂದ ದೋಣಿ ಇಳಿಸುವವನಿಗೆ ತನ್ನ ವಿಮಾ ಕಂಪನಿಯ ಹೆಸರೇ ಗೊತ್ತಿರಬೇಕಿಲ್ಲ. ಇಂಥ ಕಡೆ ಕಂಪನಿ ಸರ್ಕಾರದ ಕೈಯಾಗಿ ಕೆಲಸ ಮಾಡುತ್ತದೆ. ಬಿನ್ನಿ ಪ್ರಕರಣದ 'ಸಾರ್ವಜನಿಕ ಕರ್ತವ್ಯ'ದ ಮಾತಿಗೆ ಇದಕ್ಕಿಂತ ಒಳ್ಳೆಯ ಉದಾಹರಣೆ ಹುಡುಕಬೇಕಿಲ್ಲ. ಇಲ್ಲಿ ಜಗಳವೂ ಒಬ್ಬೊಬ್ಬರ ಬಿಪಿಯ ಜಗಳ ಅಲ್ಲ. ಒಂದು ಪಂಚಾಯಿತಿಯ ಎಲ್ಲ ರೈತರಿಗೂ ಒಂದೇ ಪ್ರಶ್ನೆ: ಯಾವ ಮಾಪಕದ ಅಂಕಿ, ಮಾರ್ಗಸೂಚಿ ಏನು ಹೇಳುತ್ತದೆ, ಅದರಂತೆ ನಡೆದಿದ್ದಾರಾ. ಇದು ಕಾಗದದ ಮೇಲೆ ತೀರ್ಮಾನ ಆಗುವ ವಿಷಯ, ಹೈಕೋರ್ಟು ಮಾಡಬಹುದಾದ ಕೆಲಸ. ಕಂಪನಿ ಸರ್ಕಾರದ ಕಡೆ, ಸರ್ಕಾರ ಕಂಪನಿಯ ಕಡೆ ಬೆರಳು ತೋರಿಸುವಾಗ ಇಬ್ಬರನ್ನೂ ಒಂದೇ ಕಡೆ ನಿಲ್ಲಿಸಿ ಕೇಳುವ ಅಧಿಕಾರ ಇರೋದೂ ಅಲ್ಲಿಗೇ.

ಹಾಗಾದರೆ ನಮ್ಮ ಆರೋಗ್ಯ ವಿಮೆ, ಟರ್ಮ್ ಪ್ಲಾನುಗಳ ವಿಷಯದಲ್ಲಿ ಸಂವಿಧಾನದ ಕೋರ್ಟುಗಳಿಗೆ ಏನೂ ಕೆಲಸ ಇಲ್ವಾ? ಇದೆ, ಎರಡು ಕೆಲಸ.

ಒಂದು, ನಿಯಂತ್ರಕರನ್ನು ಕೇಳೋದು. ಐಆರ್‌ಡಿಎಐ ಶಾಸನದಿಂದ ಹುಟ್ಟಿದ ಸಂಸ್ಥೆ, ಅದರ ಮೇಲೆ ರಿಟ್ ಬರುತ್ತದೆ ಅನ್ನೋದರಲ್ಲಿ ಸಂಶಯ ಇಲ್ಲ. 2024ರಲ್ಲಿ ಅದು ಒಳ್ಳೆಯ ನಿಯಮಗಳನ್ನೇ ತಂದಿದೆ. ಐದು ವರ್ಷ ಸತತವಾಗಿ ಪಾಲಿಸಿ ನಡೆಸಿದ ಮೇಲೆ, ವಂಚನೆ ಸಾಬೀತಾಗದ ಹೊರತು, ಕಾಯಿಲೆ ಮುಚ್ಚಿಟ್ಟಿರಿ ಅಂತ ಆರೋಗ್ಯ ಕ್ಲೇಮು ತಳ್ಳುವಂತಿಲ್ಲ (ಮೊದಲು ಇದು ಎಂಟು ವರ್ಷ ಇತ್ತು). ಕ್ಯಾಶ್‌ಲೆಸ್ ಕೋರಿಕೆಗೆ ಒಂದು ಗಂಟೆಯೊಳಗೆ ಉತ್ತರ, ಡಿಸ್ಚಾರ್ಜಿಗೆ ಮೂರು ಗಂಟೆಯೊಳಗೆ ಅನುಮತಿ. ನಿಯಮ ಇದ್ದೂ ಕಂಪನಿಗಳು ಮುರಿದರೆ, ನಿಯಂತ್ರಕರು ಸುಮ್ಮನಿದ್ದರೆ, 'ನಿನ್ನ ನಿಯಮ ನೀನು ಜಾರಿ ಮಾಡು' ಅಂತ ಹೈಕೋರ್ಟು ಹೇಳಬಹುದು. ಅಂಥ ಒಂದು ಆದೇಶದಿಂದ ಆಗುವ ಉಪಕಾರ ಸಾವಿರ ಬಿಡಿ ಕ್ಲೇಮುಗಳಿಂದ ಆಗಲ್ಲ. 1995ರ ಎಲ್‌ಐಸಿ ತೀರ್ಪಿನ ಬೆಲೆ ಇರೋದೂ ಅಲ್ಲೇ. ಒಬ್ಬರ ಕ್ಲೇಮು ಕೊಡಿಸಿದ ತೀರ್ಪಲ್ಲ ಅದು, ಒಂದು ಷರತ್ತನ್ನೇ ಎಲ್ಲರಿಗಾಗಿ ತೆಗೆದ ತೀರ್ಪು.

ಖಾಸಗಿ ಕಂಪನಿಗಳ ಅನ್ಯಾಯದ ಷರತ್ತುಗಳನ್ನು ಕೋರ್ಟು ಮುಟ್ಟಿಲ್ಲ ಅಂತೇನೂ ಇಲ್ಲ. 2022ರ ನವೆಂಬರಿನ ಟೆಕ್ಸ್‌ಕೋ ಪ್ರಕರಣ ನೋಡಿ. ನೆಲಮಾಳಿಗೆಯ ಅಂಗಡಿಗೆ ಬೆಂಕಿ ವಿಮೆ. ಅಂಗಡಿ ನೆಲಮಾಳಿಗೆಯಲ್ಲಿದೆ ಅಂತ ಗೊತ್ತಿದ್ದೇ ಖಾಸಗಿ ಕಂಪನಿ ಪ್ರೀಮಿಯಂ ತೆಗೆದುಕೊಂಡಿತ್ತು, ಬೆಂಕಿ ಬಿದ್ದ ಮೇಲೆ ಪಾಲಿಸಿಯಲ್ಲಿ ನೆಲಮಾಳಿಗೆಗೆ ವಿಮೆ ಇಲ್ಲ ಅನ್ನೋ ಷರತ್ತು ತೋರಿಸಿತು. ಒಪ್ಪಂದವನ್ನೇ ಅರ್ಥಹೀನ ಮಾಡುವ ಇಂಥ ಷರತ್ತು ನಡೆಯಲ್ಲ ಅಂತ ಸುಪ್ರೀಂ ಕೋರ್ಟು ಹೇಳಿತು. ಅದೇ ವರ್ಷ ಆಗಸ್ಟ್ 2ರ ಮಳೆಗೆ ಭಟ್ಕಳ ಪೇಟೆಯ ಅಂಗಡಿಗಳೊಳಗೆ ನೀರು ನುಗ್ಗಿ, ಮುಟ್ಟಳ್ಳಿಯಲ್ಲಿ ಗುಡ್ಡ ಕುಸಿದು ನಾಲ್ವರು ತೀರಿಕೊಂಡಿದ್ದನ್ನು ಕಂಡ ನಮಗೆ, ಅಂಗಡಿಯ ವಿಮೆಯ ಸಣ್ಣಕ್ಷರ ಬರೀ ವಕೀಲರ ಚರ್ಚೆ ಅನ್ನಿಸಲ್ಲ. ಗಮನಿಸಿ, ಟೆಕ್ಸ್‌ಕೋ ಸುಪ್ರೀಂ ಕೋರ್ಟಿಗೆ ಬಂದಿದ್ದು ಗ್ರಾಹಕ ಆಯೋಗದ ಮೆಟ್ಟಿಲು ಹತ್ತಿ, ರಿಟ್ ಹಿಡಿದು ಅಲ್ಲ. ಕೆಳಗೆ ಸತ್ಯಾಂಶ ತೀರ್ಮಾನ ಆಗಿತ್ತು, ಮೇಲೆ ತತ್ವ ತೀರ್ಮಾನ ಆಯ್ತು.

ಆದರೆ ಆ ಮೆಟ್ಟಿಲು ಹತ್ತೋಕೆ ಎಷ್ಟು ವರ್ಷ ಬೇಕು? ಮನಮೋಹನ್ ನಂದಾ ಅನ್ನುವವರು 2009ರಲ್ಲಿ ವಿದೇಶ ಪ್ರವಾಸದ ವಿಮೆ ಮಾಡಿಸಿ ಅಮೆರಿಕಕ್ಕೆ ಹೋದರು, ಸ್ಯಾನ್ ಫ್ರಾನ್ಸಿಸ್ಕೊದಲ್ಲಿ ಇಳಿಯುತ್ತಿದ್ದಂತೆ ಹೃದಯಾಘಾತ. ಕ್ಲೇಮು ಕೊಡಬೇಕು ಅಂತ ಸುಪ್ರೀಂ ಕೋರ್ಟು ಹೇಳಿದ್ದು 2021ರ ಡಿಸೆಂಬರಿನಲ್ಲಿ. ಹನ್ನೆರಡು ವರ್ಷ! ಅವರದ್ದು ಸರ್ಕಾರಿ ಕಂಪನಿ. ಗ್ರಾಹಕ ಆಯೋಗ ಸಾಕು ಅಂತ ಹೇಳುವ ನನ್ನಂಥವರು ಇದಕ್ಕೆ ಉತ್ತರ ಕೊಡಲೇಬೇಕು. ಕಾಯ್ದೆಯ ಪುಸ್ತಕದಲ್ಲಿ ದೂರು ಮೂರು ತಿಂಗಳಲ್ಲಿ, ಪರೀಕ್ಷೆ ಬೇಕಿದ್ದರೆ ಐದು ತಿಂಗಳಲ್ಲಿ ಮುಗಿಸಲು ಯತ್ನಿಸಬೇಕು ಅಂತ ಬರೆದಿದೆ. ಆಯೋಗದಲ್ಲಿ ಸದಸ್ಯರೇ ಇಲ್ಲದಿದ್ದರೆ ಮುಗಿಸೋದು ಯಾರು?

ಸಂವಿಧಾನದ ಕೋರ್ಟುಗಳ ಎರಡನೇ ಕೆಲಸ ಇದು. 2021ರಲ್ಲಿ ಸುಪ್ರೀಂ ಕೋರ್ಟು ಗ್ರಾಹಕ ಆಯೋಗಗಳ ಖಾಲಿ ಹುದ್ದೆಗಳ ಬಗ್ಗೆ ಸ್ವಯಂಪ್ರೇರಿತವಾಗಿ ಪ್ರಕರಣ ದಾಖಲಿಸಿಕೊಂಡು ರಾಜ್ಯಗಳನ್ನು ಕೇಳಿತು. ನನ್ನ ಪ್ರಕಾರ ವಿಮಾ ಗ್ರಾಹಕನಿಗೆ ಕೋರ್ಟು ಮಾಡಬಹುದಾದ ದೊಡ್ಡ ಉಪಕಾರ ಇಂಥದ್ದು. ಅಧ್ಯಕ್ಷರ ಕುರ್ಚಿ ಖಾಲಿ ಇದ್ದರೆ, ಒಂಬುಡ್ಸ್‌ಮನ್ ಹುದ್ದೆ ತಿಂಗಳುಗಟ್ಟಲೆ ಭರ್ತಿ ಆಗದಿದ್ದರೆ, ಅದರ ಮೇಲೆ ಹಾಕಿ ರಿಟ್. ಸಾರ್ವಜನಿಕ ಕರ್ತವ್ಯದ ಲೋಪ ಅಲ್ಲಿ ಎದ್ದು ಕಾಣುತ್ತದೆ, ಖಾಸಗಿ ಅನ್ನೋ ನೆಪ ನಡೆಯಲ್ಲ.

ಸರ್ಕಾರಿ ಕಂಪನಿಗೆ ಒಂದು ನ್ಯಾಯ, ಖಾಸಗಿಗೆ ಒಂದು ನ್ಯಾಯ ಅನ್ನೋ ಮೊದಲಿನ ಪ್ರಶ್ನೆಗೆ ಹಾಗಾದರೆ ಏನುತ್ತರ? ಮಾಲೀಕರು ಯಾರು ಅನ್ನೋ ಪರೀಕ್ಷೆಯನ್ನು ಕ್ಲೇಮಿನ ವಿಷಯದಲ್ಲಿ ಬಿಡಬೇಕು. ಬದಲಿಗೆ ಎರಡು ಪ್ರಶ್ನೆ ಕೇಳಬೇಕು. ಈ ಒಪ್ಪಂದದಲ್ಲಿ ಜನರಿಗೆ ಆಯ್ಕೆ ಇತ್ತಾ, ಅಥವಾ ಸರ್ಕಾರವೇ ಕಂಪನಿಯನ್ನು ತಂದು ಕೂರಿಸಿತಾ? ಈ ಜಗಳ ಒಬ್ಬರ ಸತ್ಯಾಂಶದ್ದಾ, ಎಲ್ಲರಿಗೂ ಅನ್ವಯಿಸುವ ನಿಯಮದ್ದಾ? ಸರ್ಕಾರ ತಂದು ಕೂರಿಸಿದ್ದು, ನಿಯಮದ ಜಗಳ ಆಗಿದ್ದರೆ, ಕಂಪನಿ ಖಾಸಗಿಯಾದರೂ ಹೈಕೋರ್ಟು ಕೇಳಲಿ. ಆಯ್ಕೆ ಇತ್ತು, ಒಬ್ಬರ ಸತ್ಯಾಂಶದ ಜಗಳ ಅಂದರೆ, ಕಂಪನಿ ಸರ್ಕಾರಿಯಾದರೂ ಕೆಳಗಿನ ಬಾಗಿಲಿಗೆ ಹೋಗಲಿ.

ಈ ಬದಲಾವಣೆ ಬರುವವರೆಗೆ ನಿಮಗೆ ಉಪಯೋಗಕ್ಕೆ ಬರೋದು ಇಷ್ಟು. ಕ್ಲೇಮು ತಿರಸ್ಕಾರ ಆದರೆ ಮೊದಲು ಕಂಪನಿಯ ದೂರು ವಿಭಾಗಕ್ಕೆ ಬರೆಯಿರಿ, ಫೋನಿನಲ್ಲಿ ಬೇಡ. ಒಂದು ತಿಂಗಳಲ್ಲಿ ಉತ್ತರ ಬಾರದಿದ್ದರೆ ಅಥವಾ ಬಂದ ಉತ್ತರ ಸರಿ ಅನ್ನಿಸದಿದ್ದರೆ, ಒಂದು ವರ್ಷದೊಳಗೆ ಒಂಬುಡ್ಸ್‌ಮನ್. ₹50 ಲಕ್ಷದವರೆಗೆ ಅವರಿಗೆ ಅಧಿಕಾರ ಇದೆ, ಆಫೀಸಿನ ಗ್ರೂಪ್ ಪಾಲಿಸಿಯ ದೂರನ್ನೂ ಕೇಳುತ್ತಾರೆ. ಅಲ್ಲಿ ಸಮಾಧಾನ ಆಗದಿದ್ದರೆ ಗ್ರಾಹಕರ ಆಯೋಗ ಇದೆ. ಊರಿನಲ್ಲಿ ಅಪ್ಪ ಅಮ್ಮ ಇದ್ದರೆ, ಅವರು ಮೊದಲ ಸಲ ಗುಳಿಗೆ ಬರೆಸಿಕೊಂಡ ಚೀಟಿಯ ಫೋಟೊ ತೆಗೆದು ಇವತ್ತೇ ಡ್ರೈವಿನಲ್ಲಿ ಹಾಕಿಡಿ. ಆಸ್ಪತ್ರೆಯಲ್ಲಿ ಡಿಸ್ಚಾರ್ಜ್ ಸಮ್ಮರಿ ಕೈಗೆ ಬಂದ ಕೂಡಲೇ, ಮನೆಗೆ ಹೊರಡುವ ಮೊದಲು, ಅಲ್ಲೇ ನಿಂತು ಪೂರ್ತಿ ಓದಿ. ತಪ್ಪಿದ್ದರೆ ತಿದ್ದಿಸಿಕೊಂಡೇ ಹೊರಡಿ.